ಮಣಿಸರ, ಅಳತೆಕೋಲು, ಕ್ಯಾಮೆರಾ

ಕಾರವಾರದ ಟಾಗೋರ್ ಕಡಲತೀರಕ್ಕೆ ಆ ಹೆಸರು ಯಾಕೆ ಬಂತು ಎಂದು ಇಲ್ಲಿನ ಶಾಲೆ ಮಕ್ಕಳನ್ನು ಕೇಳಿದರೂ ಹೇಳುತ್ತಾರೆ. 1883ರಲ್ಲಿ ರವೀಂದ್ರನಾಥ ಟಾಗೋರರು ಇಲ್ಲಿಗೆ ಬಂದಿದ್ದರು. ಆಗ ಅವರಿಗೆ 22 ವರ್ಷ. ಅಣ್ಣ ಸತ್ಯೇಂದ್ರನಾಥ ಟಾಗೋರರು ಕಾರವಾರದಲ್ಲಿ ಜಿಲ್ಲಾ ನ್ಯಾಯಾಧೀಶರು. ತಮ್ಮ ಇಲ್ಲಿನ ಕಡಲು ನೋಡಿದರು, ಕಾಳಿ ನದಿಯಲ್ಲಿ ದೋಣಿ ಹತ್ತಿದರು, ಒಂದು ನಾಟಕ ಬರೆದರು.

ಅದೇ ಮನೆಯ ಇನ್ನೊಬ್ಬರ ಕತೆಯನ್ನು ಮಾತ್ರ ಕಾರವಾರದಲ್ಲಿ ಯಾರೂ ಹೇಳುವುದಿಲ್ಲ. ಸತ್ಯೇಂದ್ರನಾಥರ ಹೆಂಡತಿ ಜ್ಞಾನದಾನಂದಿನಿ ದೇವಿ. ಆ ಕಾಲದ ಬಂಗಾಳದ ಮನೆಗಳಲ್ಲಿ ಹೆಂಗಸರು ರವಿಕೆಯಿಲ್ಲದೆ, ಒಳಲಂಗವಿಲ್ಲದೆ ಒಂದೇ ಸೀರೆ ಸುತ್ತಿಕೊಳ್ಳುತ್ತಿದ್ದರು. ಹೊಸ್ತಿಲು ದಾಟದವರಿಗೆ ಅಷ್ಟು ಸಾಕಿತ್ತು. ಈಕೆ ಗಂಡನ ಜೊತೆ ಮುಂಬಯಿ ಪ್ರಾಂತ್ಯಕ್ಕೆ ಬಂದರು. ಅಲ್ಲಿನ ಪಾರ್ಸಿ ಹೆಂಗಸರ ಉಡುಗೆ ನೋಡಿ, ರವಿಕೆ ಲಂಗ ಸೇರಿಸಿ ಸೀರೆ ಉಡುವ ಹೊಸ ಕ್ರಮ ಮಾಡಿಕೊಂಡರು. ಬೇರೆ ಹೆಂಗಸರಿಗೂ ಕಲಿಸಿದರು. ಇವತ್ತು ಸರ್ಕಾರಿ ಕಚೇರಿಯಲ್ಲಿ, ಮದುವೆ ಮನೆಯಲ್ಲಿ ನಾವು 'ಮರ್ಯಾದೆಯ ಉಡುಗೆ' ಎಂದು ಕರೆಯುವ ಸೀರೆ-ರವಿಕೆಯ ಹಿಂದೆ ಆಕೆಯ ಕೈಯೂ ಇದೆ. ಅದಕ್ಕೆ ಆಗಿರುವುದು ಸುಮಾರು 160 ವರ್ಷವಷ್ಟೆ.

ಅದೇ 1883ರಲ್ಲಿ ಇನ್ನೊಂದು ಕೆಲಸ ನಡೆಯಿತು. ಬ್ರಿಟಿಷ್ ಸರ್ಕಾರ ಮುಂಬಯಿ ಪ್ರಾಂತ್ಯದ ಗೆಜೆಟಿಯರ್‌ನಲ್ಲಿ ನಮ್ಮ ಕೆನರಾ ಜಿಲ್ಲೆಯ ಸಂಪುಟ ಪ್ರಕಟಿಸಿತು. ಅದರಲ್ಲಿ ಜಿಲ್ಲೆಯ ಜಾತಿಗಳನ್ನೆಲ್ಲ ಒಂದೊಂದಾಗಿ ಬರೆದಿದ್ದಾರೆ. ಮೈಬಣ್ಣ, ಮೈಕಟ್ಟು, ಊಟ, ಉಡುಪು, ಮದುವೆ, ಸಾವು. ಹಾಲಕ್ಕಿ ಒಕ್ಕಲಿಗರೂ ಅದರಲ್ಲಿದ್ದಾರೆ. ದನಕರು, ಮರಮಟ್ಟುಗಳ ಲೆಕ್ಕ ಇರುವ ಪುಸ್ತಕದಲ್ಲೇ ಹೆಂಗಸರ ಮೈಮೇಲಿನ ಬಟ್ಟೆ ಮತ್ತು ಮಣಿಯ ಲೆಕ್ಕವೂ ಬಂತು.

ಒಂದು ಊರು, ಒಂದು ವರ್ಷ. ನ್ಯಾಯಾಧೀಶರ ಮನೆಯ ಹೆಂಗಸು ತನ್ನ ಮೈಮೇಲೆ ಏನಿರಬೇಕು ಎಂದು ತಾನೇ ತೀರ್ಮಾನಿಸಿದವಳು. ಅಂಕೋಲೆಯ ಗದ್ದೆಯ ಹೆಂಗಸಿನ ಮೈಮೇಲೆ ಏನಿದೆ ಎಂದು ಬೇರೆ ಯಾರೋ ಬರೆದುಕೊಂಡರು. ಈ ಎರಡರ ನಡುವಿನ ಅಂತರದ ಮೇಲೆಯೇ ನಾವು ಬರೆಯಹೊರಟಿದ್ದೇವೆ. ಈ ಅಂತರವನ್ನೇ ಹಿಡಿದು ಕಲೆ ಮಾಡಿದ ಬೆಂಗಳೂರಿನ ಕಲಾವಿದೆಯೊಬ್ಬರಿದ್ದಾರೆ. ಅವರ ಕೆಲಸ ಅಂಕೋಲೆಯವರಿಗೆ ಅರ್ಥವಾಗುವಷ್ಟು ಬೇರೆ ಯಾರಿಗೂ ಅರ್ಥವಾಗಲಿಕ್ಕಿಲ್ಲ ಎಂಬುದು ನಮ್ಮ ಅನಿಸಿಕೆ.

ಮೊದಲು ಉಡುಗೆಯ ಮಾತು. ಹಾಲಕ್ಕಿ ಅಜ್ಜಿಯರು ರವಿಕೆ ಹಾಕುವುದಿಲ್ಲ. ಸೀರೆಯನ್ನು ತಮ್ಮದೇ ಕ್ರಮದಲ್ಲಿ ಕಟ್ಟಿ, ಕುತ್ತಿಗೆಯಿಂದ ಎದೆಯವರೆಗೆ ಕರಿಮಣಿ, ಬಣ್ಣದ ಮಣಿಸರಗಳನ್ನು ರಾಶಿ ಹಾಕಿಕೊಳ್ಳುತ್ತಾರೆ. ಗದ್ದೆ ಕೆಲಸಕ್ಕೂ ಅದೇ, ಪೇಟೆಗೂ ಅದೇ, ಹಬ್ಬಕ್ಕೂ ಅದೇ. ಅವರಿಗೆ ಅದು ತುಂಬಿದ ಉಡುಗೆ. ನೋಡುವವರಿಗೆ ಮಾತ್ರ 'ರವಿಕೆ ಇಲ್ಲ' ಎಂದು ಕಾಣುತ್ತದೆ.

ಇನ್ನು ನಮ್ಮ ಜಿಲ್ಲೆಯ ಬ್ರಾಹ್ಮಣ ಮನೆಗಳ ಹಳೆಯ ಕಾಲ ನೆನಪಿಸಿಕೊಳ್ಳಿ. ಅಲ್ಲಿಯೂ ರವಿಕೆಯಿಲ್ಲದ ಹೆಂಗಸರಿದ್ದರು. ಗಂಡ ಸತ್ತ ಮೇಲೆ ತಲೆ ಬೋಳಿಸಿ, ಕೆಂಪು ಸೀರೆ ಉಡಿಸಿ, ರವಿಕೆ ತೆಗೆಸಿ ಅಡುಗೆಮನೆಯ ಮೂಲೆಗೆ ಕೂರಿಸಿದವರು. ಹಾಲಕ್ಕಿ ಅಜ್ಜಿಗೆ ರವಿಕೆ ಇಲ್ಲದಿರುವುದು ಅವಳ ಕುಲದ ರೀತಿ. ಆ ವಿಧವೆಗೆ ಅದು ಶಿಕ್ಷೆ. ಎರಡೂ ಮನೆಗಳ ನಡುವೆ ಒಂದು ಬೇಣದಷ್ಟು ದೂರವೂ ಇರಲಿಲ್ಲ.

ತೆಂಕಣಕ್ಕೆ ತಿರುವಾಂಕೂರಿನಲ್ಲಿ ಇನ್ನೂ ಬೇರೆ. ಅಲ್ಲಿ ನಾಡಾರ್ ಹೆಂಗಸರು ಎದೆ ಮುಚ್ಚಿಕೊಳ್ಳುವ ಹಕ್ಕಿಗಾಗಿಯೇ ಹೋರಾಡಬೇಕಾಯಿತು. ಮೇಲ್ಜಾತಿಯವರ ಮುಂದೆ ಎದೆ ಮುಚ್ಚಬಾರದು ಎಂಬುದು ಅಲ್ಲಿನ ಕಟ್ಟಳೆ. ಮುಚ್ಚಿಕೊಂಡವರ ಬಟ್ಟೆಯನ್ನು ಹಾದಿಬೀದಿಯಲ್ಲಿ ಹರಿದರು. ದಶಕಗಟ್ಟಲೆ ಗಲಾಟೆಯಾಗಿ ಕೊನೆಗೆ 1859ರಲ್ಲಿ ಮಹಾರಾಜರು ಅನುಮತಿ ಕೊಟ್ಟರು. ಅದಕ್ಕೂ ಒಂದು ಷರತ್ತು: ಮೇಲ್ಜಾತಿ ಹೆಂಗಸರು ಹೊದೆಯುವ ಹಾಗೆ ಹೊದೆಯಕೂಡದು!

ಒಂದು ಕಡೆ ಮುಚ್ಚಿಕೊಂಡರೆ ತಪ್ಪು, ಇನ್ನೊಂದು ಕಡೆ ಮುಚ್ಚದಿದ್ದರೆ ತಪ್ಪು. ಇಲ್ಲಿ ಬಟ್ಟೆಯದೇನೂ ತಕರಾರಿಲ್ಲ. ತೀರ್ಮಾನ ಮಾಡುವವರು ಯಾರು ಎಂಬುದೇ ತಕರಾರು.

ಈ ತೀರ್ಮಾನಕ್ಕೆ 19ನೇ ಶತಮಾನದಲ್ಲಿ ಒಂದು ಹೊಸ ಯಂತ್ರ ಸಿಕ್ಕಿತು. ಕ್ಯಾಮೆರಾ. 1868ರಿಂದ 1875ರ ನಡುವೆ ಬ್ರಿಟಿಷ್ ಸರ್ಕಾರ 'ಭಾರತದ ಜನರು' ಎಂಬ ಹೆಸರಿನಲ್ಲಿ 8 ಸಂಪುಟಗಳ ಫೋಟೊ ಪುಸ್ತಕ ತಂದಿತು. ಜನರನ್ನು ಜಾತಿ, ಬುಡಕಟ್ಟು ಎಂದು ವಿಂಗಡಿಸಿ, ಒಂದೊಂದಕ್ಕೆ ಒಂದೊಂದು ಮುಖ. 1869ರಲ್ಲಿ ಲಂಡನ್ನಿನ ಜಾನ್ ಲ್ಯಾಂಪ್ರಿ ಎಂಬಾತ ಇನ್ನೊಂದು ಉಪಾಯ ಹೇಳಿಕೊಟ್ಟ. ಮರದ ಚೌಕಟ್ಟಿಗೆ 2 ಅಂಗುಲಕ್ಕೊಂದರಂತೆ ರೇಷ್ಮೆ ದಾರ ಅಡ್ಡ ಉದ್ದ ಬಿಗಿದು ಚೌಕಳಿ ಮಾಡಬೇಕು, ಅದರ ಮುಂದೆ ಮನುಷ್ಯರನ್ನು ಬೆತ್ತಲೆ ನಿಲ್ಲಿಸಿ ಫೋಟೊ ತೆಗೆಯಬೇಕು. ಆಗ ಯಾವ ದೇಶದ ಮನುಷ್ಯನ ಮೈಯನ್ನಾದರೂ ಕೂತಲ್ಲೇ ಅಳೆಯಬಹುದು. ಅದೇ ವರ್ಷ ಹಕ್ಸ್‌ಲಿ ಎಂಬ ದೊಡ್ಡ ವಿಜ್ಞಾನಿ, ಸಾಮ್ರಾಜ್ಯದ ಎಲ್ಲ ಜನಾಂಗದವರನ್ನೂ ಬಟ್ಟೆ ಬಿಚ್ಚಿಸಿ, ಪಕ್ಕದಲ್ಲಿ ಅಳತೆಕೋಲು ನಿಲ್ಲಿಸಿ, ಎದುರಿನಿಂದ ಒಂದು, ಮಗ್ಗುಲಿನಿಂದ ಒಂದು ಫೋಟೊ ತೆಗೆಯಬೇಕೆಂದು ಸೂಚಿಸಿದ. 1890ರ ದಶಕದಲ್ಲಿ ಅಂಡಮಾನಿನಲ್ಲಿ ಪೋರ್ಟ್‌ಮನ್ ಎಂಬ ಅಧಿಕಾರಿ ಚೌಕಳಿ ಪರದೆಯ ಮುಂದೆ ಅಲ್ಲಿನ ಮೂಲನಿವಾಸಿಗಳನ್ನು ನಿಲ್ಲಿಸಿ ಇದನ್ನೇ ಮಾಡಿದ. ಮದರಾಸು ಮ್ಯೂಸಿಯಮ್ಮಿನ ಎಡ್ಗರ್ ಥರ್ಸ್ಟನ್ ಜನರ ಮೂಗು, ತಲೆಬುರುಡೆ ಅಳೆದು 1909ರಲ್ಲಿ ದಕ್ಷಿಣ ಭಾರತದ ಜಾತಿ ಬುಡಕಟ್ಟುಗಳ ಮೇಲೆ 7 ಸಂಪುಟ ಹೊರತಂದ. ನಮ್ಮ ಜಿಲ್ಲೆ 1862ರಲ್ಲೇ ಮದರಾಸಿನಿಂದ ಮುಂಬಯಿ ಪ್ರಾಂತ್ಯಕ್ಕೆ ಹೋಗಿತ್ತು. ಹಾಗಾಗಿ ಉತ್ತರ ಕನ್ನಡ ಥರ್ಸ್ಟನ್‌ನ ಸೀಮೆಯ ಹೊರಗೆ ಉಳಿಯಿತು. ಮುಂಬಯಿಯವರು ಬಿಟ್ಟರು ಎಂದಲ್ಲ. ಎಂಥೋವನ್ ಎಂಬ ಅಧಿಕಾರಿ 1920ರಿಂದ 1922ರ ನಡುವೆ ಅಲ್ಲಿನ ಜಾತಿಗಳ ಮೇಲೆ 3 ಸಂಪುಟ ಬರೆದ.

ಅದೇ ಬ್ರಿಟಿಷ್ ಮಹನೀಯರ ಮನೆಗಳಲ್ಲಿ ಹೆಂಗಸರು ಕಾಲಿನ ಗೆಣ್ಣು ಕಾಣಿಸಿದರೂ ಮಾನ ಹೋಯಿತು ಎನ್ನುತ್ತಿದ್ದ ಕಾಲ ಅದು. ತಮ್ಮ ಮನೆಯ ಹೆಂಗಸಿನ ಮೈ ಮಾನ, ಬೇರೆಯವರ ಹೆಂಗಸಿನ ಮೈ ವಿಜ್ಞಾನ.

ಈಗ ಬೆಂಗಳೂರಿಗೆ ಬರೋಣ. ಪುಷ್ಪಮಾಲಾ ಎನ್. ಹುಟ್ಟಿದ್ದು 1956ರಲ್ಲಿ, ಬೆಂಗಳೂರಿನಲ್ಲೇ. ಬರೋಡಾದಲ್ಲಿ ಶಿಲ್ಪಕಲೆ ಕಲಿತವರು. 1990ರ ದಶಕದಲ್ಲಿ ಶಿಲ್ಪ ಬಿಟ್ಟು ಬೇರೆಯೇ ದಾರಿ ಹಿಡಿದರು. ತಾವೇ ವೇಷ ಹಾಕಿ, ತಮ್ಮ ಮೈಯನ್ನೇ ಸಾಮಗ್ರಿ ಮಾಡಿಕೊಂಡು ಕ್ಯಾಮೆರಾದ ಮುಂದೆ ನಿಂತರು. ಇದಕ್ಕೆ ಫೋಟೊ ಪರ್ಫಾರ್ಮೆನ್ಸ್ ಎನ್ನುತ್ತಾರೆ. 2000ದಿಂದ 2004ರವರೆಗೆ, ಬೆಂಗಳೂರಿನಲ್ಲಿ ನೆಲೆಸಿರುವ ಬ್ರಿಟಿಷ್ ಮೂಲದ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಅವರ ಜೊತೆ ಸೇರಿ ದೊಡ್ಡದೊಂದು ಫೋಟೊ ಸರಣಿ ಮಾಡಿದರು. 'ದಕ್ಷಿಣ ಭಾರತದ ದೇಶೀ ಹೆಂಗಸರು: ರೀತಿ ಮತ್ತು ರಿವಾಜು' ಎಂದು ಅದರ ಇಂಗ್ಲಿಷ್ ಹೆಸರನ್ನು ಕನ್ನಡಕ್ಕೆ ತರಬಹುದು. ಗೆಜೆಟಿಯರ್ ಬರೆದವರ ಧಾಟಿಯನ್ನು ಬೇಕೆಂದೇ ಎತ್ತಿಕೊಂಡ ಹೆಸರು.

ಆ ಫೋಟೊಗಳಲ್ಲಿ ಏನಿದೆ? ಒಂದರಲ್ಲಿ ಪುಷ್ಪಮಾಲಾ ರವಿವರ್ಮನ ಲಕ್ಷ್ಮಿ. ಕಮಲದ ಮೇಲೆ ನಿಂತ, ನಿಮ್ಮ ಮನೆಯ ದೇವರಕೋಣೆಯಲ್ಲಿ ಇರುವ ಅದೇ ಲಕ್ಷ್ಮಿ. ಇನ್ನೊಂದರಲ್ಲಿ ಬೆಳದಿಂಗಳಲ್ಲಿ ಕೂತ ರವಿವರ್ಮನ ನಾಯಕಿ. ಮತ್ತೊಂದರಲ್ಲಿ ಬಿಜಾಪುರದ ಹಳೆಯ ಚಿತ್ರದ ಯೋಗಿನಿ. ಒಂದರಲ್ಲಿ ತಮಿಳು ಸಿನಿಮಾದ ಚಾಟಿ ಹಿಡಿದ ನಾಯಕಿ. ಇನ್ನೊಂದು, ಪತ್ರಿಕೆಯಲ್ಲಿ ಬರುವಂಥ ಪೊಲೀಸ್ ಫೋಟೊ, ಸಿಕ್ಕಿಬಿದ್ದ ಕಳ್ಳಿಯರನ್ನು ಸಾಲಾಗಿ ನಿಲ್ಲಿಸಿದ್ದು. ಮತ್ತೊಂದು ನಮ್ಮ ಕತೆಗೆ ಸೇರಿದ್ದು: ಬ್ರಿಟಿಷರು ತೆಗೆದ ಅಳತೆ ಫೋಟೊ. ಹಿಂದೆ ಚೌಕಳಿ ಪರದೆ, ಮೈಗೆ ತಾಗಿಸಿದ ಅಳತೆಯ ಉಪಕರಣ, ನಡುವೆ ನಿಂತ 'ಬುಡಕಟ್ಟು ಹೆಂಗಸು'. ಆ ಹೆಂಗಸಿನ ಜಾಗದಲ್ಲಿ ಇರುವವರು ಈ ಕಲಾವಿದೆ.

ಅವರು ಈ ಕೆಲಸವನ್ನು ಗುಟ್ಟಾಗಿಯೂ ಇಡಲಿಲ್ಲ. ವೇಷ ಕಟ್ಟುವುದು, ಪರದೆ ಬಿಡಿಸುವುದು, ದೀಪ ಹೊಂದಿಸುವುದು ಎಲ್ಲದರ ಫೋಟೊಗಳೂ ಸರಣಿಯಲ್ಲೇ ಸೇರಿವೆ. ಚೌಕಿಮನೆಯ ಬಾಗಿಲು ತೆಗೆದು ತೋರಿಸಿದ ಹಾಗೆ.

ಇದೆಂಥ ಕಲೆ, ಛದ್ಮವೇಷ ಸ್ಪರ್ಧೆಯ ಹಾಗೆ, ಎಂದು ನಿಮಗೆ ಅನಿಸಬಹುದು. ಅಂಕೋಲೆಯವರಿಗೆ ಒಂದೇ ಮಾತಿನಲ್ಲಿ ಹೇಳಿ ಮುಗಿಸಬಹುದು: ಇದು ಹಗರಣ. ಬೆಳಂಬಾರದ ಕಡೆ ಸುಗ್ಗಿಯ ಹೊತ್ತಿಗೆ ಹಾಲಕ್ಕಿಗಳು ಹಗರಣ ತೆಗೆಯುತ್ತಾರಲ್ಲ, ಅದೇ ಕೆಲಸ. ಸಾಹೇಬನ ವೇಷ ಹಾಕಿ ಸಾಹೇಬನನ್ನು ಅಣಕಿಸುವುದು, ಆಫೀಸಿನ ವೇಷ ಹಾಕಿ ಆಫೀಸನ್ನು ಅಣಕಿಸುವುದು. ವೇಷ ನೋಡಿ ಜನ ನಗುತ್ತಾರೆ. ಆ ವೇಷ ನಿಜವಾಗಿ ಯಾರದೋ ಅವರಿಗೆ ಮಾತ್ರ ನಗು ಬರುವುದಿಲ್ಲ. ಪುಷ್ಪಮಾಲಾ ಅಳತೆಯ ಫೋಟೊದ ಹಗರಣ ತೆಗೆದರು. ಅಣಕ ಆಗಿದ್ದು ಪರದೆ ಮುಂದಿನ ಹೆಂಗಸಿಗಲ್ಲ, ಕ್ಯಾಮೆರಾ ಹಿಂದಿನ ದೊರೆಗೆ.

ಒಂದು ವ್ಯತ್ಯಾಸ ಇದೆ. ನಮ್ಮ ಸುಗ್ಗಿ ಮೇಳ ಗಂಡಸರದು. ತುರಾಯಿ ಕಟ್ಟಿ ಕುಣಿಯುವವರು ಗಂಡಸರು. ಯಕ್ಷಗಾನದಲ್ಲೂ ದಮಯಂತಿ, ಚಿತ್ರಾಂಗದೆ, ಮೋಹಿನಿ ಎಲ್ಲರೂ ಗಂಡಸರೇ ಆಗಿದ್ದರು. ಎದೆಗೆ ಬಟ್ಟೆ ತುಂಬಿ, ಸೆರಗು ಹೊದ್ದು, ಬೆಳಗಿನವರೆಗೆ ಹೆಣ್ಣಾಗಿ ನಿಂತ ಗಂಡಸಿಗೆ 'ಹೆಣ್ಣೂ ನಾಚಬೇಕು' ಎಂಬ ಹೊಗಳಿಕೆ. ಹೆಣ್ಣೇ ಗೆಜ್ಜೆ ಕಟ್ಟಿ ರಂಗಸ್ಥಳಕ್ಕೆ ಬಂದರೆ ಊರೆಲ್ಲ ಮಾತು. ಬಟ್ಟೆಯಿಂದ ಮಾಡಿದ ಹೆಣ್ಣಿನ ಮೈಗೆ ಇದ್ದ ಪರವಾನಗಿ ನಿಜವಾದ ಮೈಗೆ ಇರಲಿಲ್ಲ. ಈಗ ಹುಡುಗಿಯರೂ ಕಲಿಯುತ್ತಿದ್ದಾರೆ, ಮಹಿಳಾ ಮೇಳಗಳೂ ಆಗಿವೆ. ಆದರೂ ಹೆಣ್ಣು ತನ್ನ ಮೈಯನ್ನು ತಾನೇ ರಂಗಕ್ಕೆ ತಂದು, ಇದರ ಅರ್ಥ ನಾನು ಹೇಳುತ್ತೇನೆ ಎನ್ನುವುದು ನಮ್ಮಲ್ಲಿ ಇನ್ನೂ ಹೊಸದೇ. ಅಕ್ಕಮಹಾದೇವಿ 12ನೇ ಶತಮಾನದಲ್ಲೇ ಬಟ್ಟೆ ಬಿಟ್ಟು ಹೊರಟಳು ಎಂದು ಹೆಮ್ಮೆಯಿಂದ ಹೇಳುತ್ತೇವೆ, ಸರಿ. ಆದರೆ ಅವಳ ಚಿತ್ರ ಬರೆದವರು ಅವಳ ಕೂದಲನ್ನು ಎಷ್ಟು ಉದ್ದ ಬೆಳೆಸಿದ್ದಾರೆ ನೋಡಿ.

ಹೊರದೇಶಗಳಲ್ಲಿ ಈ ಬಗೆಯ ಕಲೆ ಶುರುವಾಗಿ 60 ವರ್ಷ ದಾಟಿತು. 1964ರಲ್ಲಿ ಜಪಾನಿನ ಕ್ಯೋಟೊದಲ್ಲಿ ಯೋಕೊ ಓನೊ ಎಂಬ ಕಲಾವಿದೆ ವೇದಿಕೆಯ ಮೇಲೆ ಸುಮ್ಮನೆ ಕೂತು, ಎದುರಿಗೆ ಕತ್ತರಿ ಇಟ್ಟರು. ನೋಡಲು ಬಂದವರು ಒಬ್ಬೊಬ್ಬರೇ ಬಂದು ಅವರ ಬಟ್ಟೆಯ ಒಂದು ತುಂಡು ಕತ್ತರಿಸಿಕೊಂಡು ಹೋಗಬಹುದು. ಆಕೆ ಮಾತಾಡಲಿಲ್ಲ, ಕದಲಲಿಲ್ಲ. ಕತ್ತರಿ ಸಿಕ್ಕಿದವರ ಕೈ ಎಲ್ಲಿಯವರೆಗೆ ಹೋಗುತ್ತದೆ ಎಂಬುದೇ ಆ ಪ್ರದರ್ಶನ. ನಮ್ಮ ಬೆಂಗಳೂರಿನಲ್ಲಿ 2003ರಲ್ಲಿ ಜಸ್ಮೀನ್ ಪಥೇಜ ಎಂಬ ಕಲಾವಿದೆ 'ಬ್ಲಾಂಕ್ ನಾಯ್ಸ್' ಎಂಬ ಕೆಲಸ ಶುರುಮಾಡಿದರು. ಬೀದಿಯಲ್ಲಿ ಕಿರುಕುಳ ಆದಾಗ ನೀವು ಹಾಕಿದ್ದ ಬಟ್ಟೆ ತನ್ನಿ ಎಂದು ಹೆಂಗಸರನ್ನು ಕೇಳಿದರು. ಸೀರೆ, ಚೂಡಿದಾರ, ಶಾಲೆಯ ಯೂನಿಫಾರ್ಮ್ ಎಲ್ಲ ಬಂದವು. 'ನೀನು ಹಾಕಿದ ಬಟ್ಟೆಯಿಂದ ಹೀಗಾಯಿತು' ಎಂಬ ಮಾತಿಗೆ ಆ ಬಟ್ಟೆಗಳೇ ಉತ್ತರ. ಹೆಂಗಸರು ಗುಂಪಾಗಿ ಹೋಗಿ ಪಾರ್ಕಿನಲ್ಲಿ ಹಗಲು ಮಲಗಿ ನಿದ್ದೆ ಮಾಡುವ ಕಾರ್ಯಕ್ರಮವನ್ನೂ ಅವರು ಮಾಡಿದರು. ಓದಲು ತಮಾಷೆ ಎನಿಸುತ್ತದೆ. ಕಾರವಾರದ ಮೀನುಪೇಟೆಯಲ್ಲಿ ಹೆಂಗಸರು ಬೆಳಗಿನಿಂದ ಸಂಜೆಯವರೆಗೆ ರಸ್ತೆ ಬದಿ ಕೂತಿರುತ್ತಾರೆ, ಯಾರಿಗೂ ವಿಚಿತ್ರ ಅನಿಸುವುದಿಲ್ಲ. ಅದೇ ಹೆಂಗಸು ಮಧ್ಯಾಹ್ನ ಕಡಲತೀರದ ಗಾಳಿಮರದ ಕೆಳಗೆ ಕಾಲು ಚಾಚಿ ಅರ್ಧ ತಾಸು ಮಲಗಲಿ, ನೋಡೋಣ. ಗಂಡಸರು ದಿನಾ ಮಲಗುವ ಜಾಗವೇ ಅದು.

ಪುಷ್ಪಮಾಲಾ ಅವರ ಕೆಲಸಕ್ಕೆ ಒಂದು ಆಕ್ಷೇಪ ಎತ್ತಬಹುದು. ಅದನ್ನು ಎತ್ತಲೇಬೇಕು. ಅಳತೆ ಫೋಟೊದ ಹೆಂಗಸಿಗೆ ಪರದೆಯ ಮುಂದಿನಿಂದ ಹೋಗಿಬಿಡುವ ಸ್ವಾತಂತ್ರ್ಯ ಇರಲಿಲ್ಲ. ಪೇಟೆಯ ಕಲಾವಿದೆ ವೇಷ ಕಳಚಿ ಮನೆಗೆ ಹೋಗಬಹುದು. ಆ ಬಡ ಹೆಂಗಸಿನ ಫೋಟೊವನ್ನು ಮೊದಲು ದೊರೆ ಬಳಸಿದ, ಈಗ ಕಲಾವಿದೆ ಬಳಸಿದರು, ಆಕೆಗೇನು ಸಿಕ್ಕಿತು? ಈ ಪ್ರಶ್ನೆ ನ್ಯಾಯವಾದದ್ದು. ಗ್ಯಾಲರಿಯ ಬಿಳಿ ಗೋಡೆಯ ಮೇಲೆ ಈ ಚಿತ್ರ ನೇತಾಡುವಾಗ ಅದು ಇನ್ನೂ ಚುಚ್ಚುತ್ತದೆ. ಆದರೂ ನಮಗೆ ಕಾಣುವ ಒಂದು ಗುಣ ಇದೆ. ಆಕೆ ಬುಡಕಟ್ಟಿನ ಹೆಂಗಸರನ್ನು ಮತ್ತೊಮ್ಮೆ ತಂದು ನಿಲ್ಲಿಸಲಿಲ್ಲ. ತಮ್ಮನ್ನೇ ನಿಲ್ಲಿಸಿಕೊಂಡರು. ಅಳತೆಕೋಲು ಓದುಬರಹ ಬಲ್ಲ, ಪೇಟೆಯ, ಇಂಗ್ಲಿಷ್ ಬಲ್ಲ ಹೆಂಗಸಿನ ಮೈಗೆ ತಾಗಿದಾಗಲೇ ನೋಡುವವರಿಗೆ ಇದೆಂಥ ಅವಮಾನ ಎಂದು ಹೊಳೆಯುತ್ತದೆ. ಅಲ್ಲಿಯವರೆಗೆ ಅದು ಬರೀ ಹಳೆಯ ಫೋಟೊ.

ಈಗ ನಮ್ಮ ಕಸುಬಿನ ಮಾತು. ಹಾಲಕ್ಕಿಗಳ ಮೇಲೆ ಏನೇ ಸುದ್ದಿ ಇರಲಿ, ಕೊಡಸಣಿ ಕಟ್ಟಿದ್ದು ಇರಲಿ, ರಸ್ತೆ ಹಾಳಾದದ್ದು ಇರಲಿ, ಡೆಸ್ಕಿನಿಂದ ಬರುವ ಮೊದಲ ಮಾತು, 'ಮಣಿಸರದ ಅಜ್ಜಿಯ ಫೋಟೊ ಹಾಕಿ.' ಪ್ಯಾಂಟು ಹಾಕಿದ ಹಾಲಕ್ಕಿ ಗಂಡಸಿನ ಫೋಟೊ ಕಳಿಸಿದರೆ 'ಇವರು ಹಾಲಕ್ಕಿ ಅಂತ ಗೊತ್ತಾಗಲ್ಲವಲ್ಲ' ಎಂಬ ಉತ್ತರ. ಪ್ರವಾಸಿಗಳಂತೂ ಬೈಕು ನಿಲ್ಲಿಸಿ, ಕೇಳದೆ ತೆಗೆದು ಹೋಗುತ್ತಾರೆ. ಚೌಕಳಿ ಪರದೆ ಹೋಗಿ ರೀಲ್ಸ್ ಬಂದಿದೆ, ಅಷ್ಟೆ.

ಇದರಲ್ಲಿ ಸರ್ಕಾರದ ಪಾಲೂ ಇದೆ. ಹಾಲಕ್ಕಿಗಳನ್ನು ಪರಿಶಿಷ್ಟ ಪಂಗಡಕ್ಕೆ ಸೇರಿಸಬೇಕು ಎಂಬ ಬೇಡಿಕೆ ಬಹಳ ಹಳೆಯದು. ಯಾವ ಸಮುದಾಯ ಪಂಗಡ ಎಂದು ನೋಡುವಾಗ ಇವತ್ತಿಗೂ ಹಿಡಿಯುವುದು 1965ರ ಲೋಕುರ್ ಸಮಿತಿಯ ಐದು ಲಕ್ಷಣಗಳನ್ನು. ಆದಿಮ ಗುಣ, ಬೇರೆಯೇ ಆದ ಸಂಸ್ಕೃತಿ, ದೂರದ ವಾಸ, ಹೊರಗಿನವರ ಜೊತೆ ಬೆರೆಯಲು ಸಂಕೋಚ, ಹಿಂದುಳಿದಿರುವಿಕೆ. ಇದನ್ನು ಓದಿ ಒಬ್ಬ ಹಾಲಕ್ಕಿ ಹುಡುಗಿಯ ಜಾಗದಲ್ಲಿ ನಿಂತು ಯೋಚಿಸಿ. ಕಾಲೇಜಿಗೆ ಚೂಡಿದಾರ ಹಾಕಿ ಹೋದರೆ ಕುಲದ ಗುರುತು ಹೋಯಿತು ಎನ್ನುವವರಿದ್ದಾರೆ. ಅಜ್ಜಿಯ ಹಾಗೆ ಉಟ್ಟು ಹೋದರೆ ಬಸ್‌ಸ್ಟ್ಯಾಂಡಿನಲ್ಲಿ ತಿರುಗಿ ನೋಡುವವರಿದ್ದಾರೆ. ಗಂಡಸರು ಪಂಚೆಯಿಂದ ಪ್ಯಾಂಟಿಗೆ ಬಂದಾಗ ಯಾರೂ ಲೆಕ್ಕ ಇಡಲಿಲ್ಲ. ಕುಲದ ಸಾಕ್ಷಿಯನ್ನು ಹೊತ್ತು ನಿಲ್ಲಬೇಕಾದದ್ದು ಹೆಂಗಸಿನ ಎದೆಯ ಮೇಲಿನ ಮಣಿ. ನಮ್ಮ ಅಭಿಪ್ರಾಯ ಕೇಳಿದರೆ, ಪಂಗಡದ ಹಕ್ಕು ಭೂಮಿ, ಕೂಲಿ, ಶಾಲೆಯ ಲೆಕ್ಕದಲ್ಲಿ ತೀರ್ಮಾನವಾಗಲಿ. ಸೀರೆ ಕಟ್ಟುವ ಕ್ರಮದ ಮೇಲೆ ಬೇಡ.

ಆದರೆ ನಮ್ಮ ಅಜ್ಜಿಯರು ಬರೀ ಫೋಟೊ ಆಗಿ ಉಳಿಯಲಿಲ್ಲ ಎಂಬುದನ್ನೂ ಹೇಳಬೇಕು. ಬಡಗೇರಿಯ ಸುಕ್ರಿ ಬೊಮ್ಮಗೌಡ ತಾಯಿಯಿಂದ ಕಲಿತ ಹಾಡುಗಳನ್ನು ಹೊತ್ತು ನಡೆದರು. ಸಾರಾಯಿ ವಿರುದ್ಧ ಊರಿನ ಹೆಂಗಸರನ್ನು ಕಟ್ಟಿಕೊಂಡು ಎದ್ದರು. 2017ರಲ್ಲಿ ಪದ್ಮಶ್ರೀ ಬಂತು. ಮದುವೆ, ಮೈನೆರೆಯುವುದು, ಬಸಿರು, ಬಾಣಂತನ, ಗಂಡನ ಮನೆಯ ಕಷ್ಟ, ನಾವು ಪೇಟೆಯವರು ಪಿಸುಗುಟ್ಟುವ ಸಂಗತಿಗಳೆಲ್ಲ ನಮ್ಮ ಜಿಲ್ಲೆಯ ಹೆಂಗಸರ ಹಾಡಿನಲ್ಲಿ ದೊಡ್ಡ ದನಿಯಲ್ಲೇ ಬರುತ್ತವೆ. ಹೊನ್ನಾವರದ ಎನ್.ಆರ್. ನಾಯಕ ಮತ್ತು ಶಾಂತಿ ನಾಯಕ ದಂಪತಿ ಊರೂರು ತಿರುಗಿ ಇಂಥ ಹಾಡು, ಕತೆಗಳನ್ನು ಬರೆದಿಟ್ಟರು. ಸುಕ್ರಜ್ಜಿಯ ಫೋಟೊ ನೋಡಿದವರು ಲಕ್ಷ ಜನ. ಹಾಡನ್ನು ಕೊನೆಯವರೆಗೆ ಕೇಳಿದವರು ಎಷ್ಟು ಜನ?

ಹೊನ್ನಳ್ಳಿಯ ತುಳಸಿ ಗೌಡ 2021ರ ನವೆಂಬರ್ 8ರಂದು ರಾಷ್ಟ್ರಪತಿ ಭವನಕ್ಕೆ ಬರಿಗಾಲಲ್ಲಿ, ತಮ್ಮದೇ ಸೀರೆ, ತಮ್ಮದೇ ಮಣಿಸರದಲ್ಲಿ ನಡೆದು ಹೋಗಿ ಪದ್ಮಶ್ರೀ ತೆಗೆದುಕೊಂಡರು. ಅಂದು ರಾತ್ರಿ ಆ ಫೋಟೊ ಬಾರದ ಫೋನ್ ಇರಲಿಲ್ಲ. ಕಾಡಿನ ಗಿಡಗಳ ಬೀಜ, ಸಸಿ ಬಲ್ಲ ಹೆಂಗಸು. ಗೌರವ ಕೊಟ್ಟಿದ್ದು ಆ ತಿಳಿವಳಿಕೆಗೆ. ಹೊಗಳಿಕೆ ಹೆಚ್ಚು ಬಂದಿದ್ದು ಬರಿಗಾಲಿಗೆ. ಆದರೂ ಆ ಫೋಟೊಕ್ಕೂ ಗೆಜೆಟಿಯರ್ ಕಾಲದ ಫೋಟೊಗಳಿಗೂ ಹೋಲಿಕೆ ಇಲ್ಲ. ಅಲ್ಲಿ ಅವರನ್ನು ಯಾರೂ ನಿಲ್ಲಿಸಿರಲಿಲ್ಲ. ಅವರು ನಡೆಯುತ್ತಿದ್ದರು. ಮೇಲಾಗಿ ಕೆಳಗೆ ಜಾತಿಯ ಹೆಸರಲ್ಲ, ಅವರ ಹೆಸರಿತ್ತು.

2024ರ ಡಿಸೆಂಬರ್ 16ರಂದು ತುಳಸಜ್ಜಿ ಹೋದರು. ಎರಡು ತಿಂಗಳೂ ಆಗಲಿಲ್ಲ, 2025ರ ಫೆಬ್ರುವರಿ 13ರಂದು ಸುಕ್ರಜ್ಜಿ. ಅವರ ವಾರಿಗೆಯವರು ಇನ್ನು ಕೆಲವರೇ ಇದ್ದಾರೆ.

ಮೊನ್ನೆ ಅಂಕೋಲೆ ಪೇಟೆಯಲ್ಲಿ ತರಕಾರಿ ಮಾರುವ ಹಾಲಕ್ಕಿ ಅಜ್ಜಿಯೊಬ್ಬರಿಗೆ ನಮ್ಮ ಫೋನಿನಲ್ಲಿ ಪುಷ್ಪಮಾಲಾ ಅವರ ಚೌಕಳಿ ಪರದೆಯ ಫೋಟೊ ತೋರಿಸಿದೆವು. ಅಜ್ಜಿ ಫೋನನ್ನು ದೂರ ಹಿಡಿದು, ಹತ್ತಿರ ಹಿಡಿದು ನೋಡಿದರು.

"ಯಾರಿದು? ಎಂತಕ್ಕೆ ಹಿಂಗೆ ನಿಲ್ಸಿದ್ರು ಇವಳನ್ನ?"

"ಯಾರೂ ನಿಲ್ಲಿಸಿದ್ದಲ್ಲ ಅಜ್ಜಿ. ಅವರೇ ನಿಂತು ತೆಗೆಸಿಕೊಂಡದ್ದು. ಹಿಂದೆ ಬ್ರಿಟಿಷರು ಹೀಗೆ ನಿಲ್ಲಿಸಿ ತೆಗೀತಿದ್ರು, ಅದನ್ನ ತೋರಿಸ್ಲಿಕ್ಕೆ."

"ಹಂಗಾರೆ ಅಡ್ಡಿಲ್ಲ," ಎಂದರು. ಫೋನು ವಾಪಸು ಕೊಟ್ಟು ಬಸಳೆ ಕಟ್ಟಿಗೆ ನೀರು ಚಿಮುಕಿಸಿದರು. ಸ್ವಲ್ಪ ಹೊತ್ತು ಬಿಟ್ಟು ಕೇಳಿದರು: "ತಮಾ, ಆ ಹಿಂದಿನ ಕಾಲದಾಗೆ ನಿಲ್ಸಿದ್ರಲ, ಆ ಹೆಂಗಸ್ರ ಹೆಸ್ರು ಎಂತ?"

ಬ್ರಿಟಿಷರು ಆ ಪುಸ್ತಕಗಳಲ್ಲಿ ಎತ್ತರ, ಮೂಗಿನ ಅಗಲ, ತಲೆಯ ಸುತ್ತಳತೆ ಬರೆದಿದ್ದಾರೆ ಎಂದೆವು.

"ಅದಲ್ಲ ಕೇಳಿದ್ದು," ಎಂದರು ಅಜ್ಜಿ. ಅಷ್ಟರಲ್ಲಿ ಗಿರಾಕಿ ಬಂದರು.